ದಶಮಾಂಶ ಭಾಗಾಕಾರ: ಬಿಂದು ದಾಟುವುದು ಹೀಗೆ

ಪೂರ್ಣ ಸಂಖ್ಯೆಗಳ ಭಾಗಾಕಾರವನ್ನು ಪಟಪಟನೆ ಮಾಡುವ ಮಕ್ಕಳು ಕೂಡ ನಡುವೆ ಒಂದು ಬಿಂದು ಕಂಡರೆ ಪೆನ್ಸಿಲ್ ಕಚ್ಚುತ್ತಾ ಕೂತುಬಿಡುತ್ತಾರೆ. ಬಿಂದು ಎಲ್ಲಿಡಬೇಕು ಎಂಬ ನಿಯಮವನ್ನು ಬಾಯಿಪಾಠ ಮಾಡಿಸುವ ಮೊದಲು ದುಡ್ಡು ಹಂಚಿ ತೋರಿಸಿ. ನೋಟು ಮುರಿಸಿ ಚಿಲ್ಲರೆ ಮಾಡುವುದು ಗೊತ್ತಿದ್ದರೆ ಈ ಲೆಕ್ಕ ಅರ್ಧ ಬಂದಂತೆಯೇ.

86.10 ರೂಪಾಯಿಯನ್ನು ಆರು ಜನಕ್ಕೆ ಸಮನಾಗಿ ಹಂಚೋಣ. ಭಾಜ್ಯ 86.10 ಒಳಗೆ, ಭಾಜಕ 6 ಎಡಗಡೆ. ಭಾಗಲಬ್ಧವನ್ನು ಬಲಗಡೆ ಬರೆಯುವ ರೂಢಿ ಕೆಲವರಿಗಿದೆ. ದಶಮಾಂಶಕ್ಕೆ ಮಾತ್ರ ಮೇಲೆಯೇ ಬರೆಯಿರಿ, ಆಗ ಅಂಕಿಯ ನೆತ್ತಿಗೆ ಸರಿಯಾಗಿ ಅಂಕಿ, ಬಿಂದುವಿನ ನೆತ್ತಿಗೆ ಬಿಂದು ಕೂರುತ್ತದೆ. ಚೌಕುಳಿ ಹಾಳೆಯಾದರೆ ಇನ್ನೂ ಒಳ್ಳೆಯದು.

ಮೊದಲು 8. ಅಂದರೆ ಹತ್ತರ ಎಂಟು ನೋಟು. ತಲೆಗೆ 1, ಉಳಿದದ್ದು 2.

ಆ ಎರಡು ನೋಟು ಮುರಿಸಿದರೆ 20 ರೂಪಾಯಿ, ಜೊತೆಗೆ 6 ಇಳಿಸಿಕೊಂಡರೆ 26. ಆರು ನಾಲ್ಕಲಿ 24. ಮೇಲೆ 4, ಉಳಿದದ್ದು 2.

ರೂಪಾಯಿ ಮುಗಿಯಿತು, ಇನ್ನು ಪೈಸೆ. ಬಿಂದು ಇಡುವ ಜಾಗ ಇದೇ: 4ರ ಪಕ್ಕದಲ್ಲಿ, ಕೆಳಗಿನ ಬಿಂದುವಿನ ನೇರಕ್ಕೆ. ಉಳಿದ 2 ರೂಪಾಯಿ ಎಂದರೆ ಹತ್ತು ಪೈಸೆಯ 20 ನಾಣ್ಯ. 1 ಇಳಿಸಿ, 21 ಆಯಿತು. ಆರು ಮೂರಲಿ 18, ಮೇಲೆ 3, ಉಳಿದದ್ದು 3. ಕೊನೆಯ ಸೊನ್ನೆ ಇಳಿಸಿದರೆ 30, ಆರು ಐದಲಿ 30. ಉತ್ತರ 14.35. (ಹತ್ತು ಪೈಸೆ ನಾಣ್ಯ ಈಗ ಕೈಗೆ ಸಿಗುವುದಿಲ್ಲ. ಕಾಗದದ ಚೂರುಗಳ ಮೇಲೆ ಬರೆದುಕೊಂಡರೆ ಸಾಕು.)

ಇಷ್ಟು ಸಲೀಸಾಗಿರುವುದಕ್ಕೆ ಕಾರಣವಿದೆ. 1957ರ ಏಪ್ರಿಲ್ 1ಕ್ಕೆ ಮೊದಲು ನಮ್ಮ ರೂಪಾಯಿಗೆ 16 ಆಣೆ, ಆಣೆಗೆ 12 ಪೈ. ಆಗ 86 ರೂಪಾಯಿಯನ್ನು ಆರಕ್ಕೆ ಹಂಚಿದರೆ ಉಳಿದ 2 ರೂಪಾಯಿಯನ್ನು 16ರಿಂದ ಗುಣಿಸಿ 32 ಆಣೆ ಮಾಡಬೇಕು, ಅದರಲ್ಲಿ ಉಳಿದ 2 ಆಣೆಯನ್ನು 12ರಿಂದ ಗುಣಿಸಿ 24 ಪೈ ಮಾಡಬೇಕು. ಉತ್ತರ 14 ರೂಪಾಯಿ 5 ಆಣೆ 4 ಪೈ. ದಶಮಾಂಶದಲ್ಲಿ ಗುಣಿಸುವುದು ಎಲ್ಲ ಕಡೆಯೂ ಹತ್ತರಿಂದಲೇ. ಹಾಗಾಗಿ ಪಕ್ಕದ ಅಂಕಿ ಇಳಿಸಿದರೆ ಮುಗಿಯಿತು, ಗುಣಾಕಾರ ತಾನಾಗಿಯೇ ಆಗಿರುತ್ತದೆ.

ಹೆಚ್ಚು ಮಕ್ಕಳು ಎಡವುವುದು ಬಿಂದುವಿನಲ್ಲಲ್ಲ, ಸೊನ್ನೆಯಲ್ಲಿ. 21.35 ÷ 7 ತೆಗೆದುಕೊಳ್ಳಿ. ಏಳು ಮೂರಲಿ 21, ಮೇಲೆ 3, ಬಿಂದು. ಈಗ 3 ಇಳಿಸಿದರೆ ಅದರಲ್ಲಿ 7 ಹೋಗುವುದಿಲ್ಲ. ಮಗು ಸುಮ್ಮನೆ 5ನ್ನೂ ಇಳಿಸಿಕೊಂಡು, ಏಳು ಐದಲಿ 35 ಎಂದು ಹೇಳಿ 3.5 ಬರೆದುಬಿಡುತ್ತದೆ. ನನ್ನ ಮಗಳ ನೋಟ್‌ಬುಕ್‌ನಲ್ಲಿ ಒಂದೇ ಪುಟದಲ್ಲಿ ಮೂರು ಲೆಕ್ಕ ಹೀಗೇ ತಪ್ಪಿದ್ದವು; ಕಳೆಯುವುದು, ಮಗ್ಗಿ ಎಲ್ಲವೂ ಸರಿ. ಇಳಿಸಿದ ಪ್ರತಿ ಅಂಕಿಗೂ ಮೇಲೊಂದು ಅಂಕಿ ಬರಲೇಬೇಕು, ಹೋಗದಿದ್ದರೆ ಸೊನ್ನೆ. ಸರಿ ಉತ್ತರ 3.05. ಅನುಮಾನವಿದ್ದರೆ ತಿರುಗಿಸಿ ಗುಣಿಸಿ: 3.5ನ್ನು ಏಳರಿಂದ ಗುಣಿಸಿದರೆ 24.5, ಹಂಚಿದ್ದಕ್ಕಿಂತ ಜಾಸ್ತಿ!

ಭಾಜ್ಯವೇ ಚಿಕ್ಕದಿದ್ದರೂ ಇದೇ ದಾರಿ. 1.5 ÷ 6ರಲ್ಲಿ ಒಂದರಲ್ಲಿ ಆರು ಹೋಗದು, ಮೇಲೆ 0, ಬಿಂದು. 15ರಲ್ಲಿ 2 ಸಲ, ಶೇಷ 3. ಇಳಿಸಲು ಅಂಕಿ ಇಲ್ಲವಲ್ಲ ಎಂದು ನಿಲ್ಲಬೇಡಿ, 1.5 ಮತ್ತು 1.50 ಒಂದೇ. ಸೊನ್ನೆ ಸೇರಿಸಿದರೆ 30, ಉತ್ತರ 0.25.

ಕೆಲವು ಲೆಕ್ಕ ಮುಗಿಯುವುದೇ ಇಲ್ಲ. 2.5 ಮೀಟರ್ ರಿಬ್ಬನ್ ಅನ್ನು ಮೂರು ಪಾಲು ಮಾಡಿದರೆ 0.8333... ಎಂದು ಪ್ರತಿ ಸಲವೂ ಶೇಷ 1 ಉಳಿಯುತ್ತಲೇ ಇರುತ್ತದೆ. ಎರಡು ಸ್ಥಾನ ಬೇಕಿದ್ದರೆ ಮೂರನೆಯದನ್ನೂ ತೆಗೆದು ನೋಡಿ: ಅದು 5 ಅಥವಾ ಹೆಚ್ಚಿದ್ದರೆ ಹಿಂದಿನದಕ್ಕೆ ಒಂದು ಕೂಡಿಸಿ, ಇಲ್ಲದಿದ್ದರೆ ಬಿಟ್ಟುಬಿಡಿ. ಇಲ್ಲಿ 0.83. ಕತ್ತರಿ ಹಿಡಿದು 83 ಸೆಂಟಿಮೀಟರಿನ ಮೂರು ತುಂಡು ಮಾಡಿದರೆ ಕೈಯಲ್ಲಿ ಒಂದು ಸೆಂಟಿಮೀಟರ್ ರಿಬ್ಬನ್ ಮಿಗುತ್ತದೆ.