ಬಾಡಿದ ಪೀಸ್ ಲಿಲಿಗೆ ನೀರು ಕೆಳಗಿನಿಂದ

ಪೀಸ್ ಲಿಲಿಯ ಎಲೆಗಳೆಲ್ಲ ಜೋತುಬಿದ್ದು, ಎತ್ತಿದರೆ ಕುಂಡ ಹಗುರ ಅನ್ನಿಸಿದರೆ ಮೇಲಿಂದ ನೀರು ಸುರಿಯಬೇಡಿ. ಕುಂಡವನ್ನೇ ಟಬ್‌ನಲ್ಲಿಟ್ಟು, ಅದರ ಮೂರನೇ ಒಂದು ಭಾಗ ಮುಳುಗುವಷ್ಟು ನೀರು ತುಂಬಿ ಅರ್ಧ ಗಂಟೆ ಬಿಡಿ. ಪೂರ್ತಿ ಒಣಗಿದ ಮಣ್ಣು ಕುಗ್ಗಿ ಕುಂಡದ ಅಂಚಿನಿಂದ ಬಿಟ್ಟುಕೊಂಡಿರುತ್ತದೆ. ಮೇಲೆ ಹಾಕಿದ ನೀರು ಆ ಸಂದಿಯಲ್ಲೇ ಜಾರಿ ತಟ್ಟೆಗೆ ಬಂದುಬಿಡುತ್ತದೆ, ನಡುವಿನ ಬೇರಿಗೆ ಹನಿಯೂ ಸಿಗುವುದಿಲ್ಲ. ತಟ್ಟೆ ತುಂಬಿದ್ದು ನೋಡಿ ನಾವು ಸಾಕಾಯಿತು ಅಂದುಕೊಳ್ಳುತ್ತೇವೆ! ಕೆಳಗಿನಿಂದ ಹೀರಿಕೊಂಡರೆ ಮಣ್ಣು ಒಂದೇ ಸಮ ನೆನೆಯುತ್ತದೆ. ಮೇಲ್ಮಣ್ಣಿನ ಬಣ್ಣ ಗಾಢವಾಗಿ, ಬೆರಳಿಗೆ ತಣ್ಣಗೆ ತಗುಲಿದಾಗ ಕುಂಡ ಹೊರತೆಗೆದು ಹೆಚ್ಚಿನ ನೀರು ಸೋರಿಹೋಗಲು ಬಿಡಿ. ಕೆಲವೇ ಗಂಟೆಗಳಲ್ಲಿ ತೊಟ್ಟುಗಳು ಒಂದೊಂದಾಗಿ ಎದ್ದು ನಿಲ್ಲುತ್ತವೆ, ನೋಡಲು ನಿಜಕ್ಕೂ ಖುಷಿ. ಆದರೆ ಮಣ್ಣು ಒದ್ದೆಯಿದ್ದೂ ಎಲೆ ಜೋತುಬಿದ್ದಿದ್ದರೆ ಇದನ್ನು ಖಂಡಿತ ಮಾಡಬೇಡಿ. ಅಲ್ಲಿ ಬಹುಮಟ್ಟಿಗೆ ಬೇರು ಕೊಳೆಯುತ್ತಿರುತ್ತದೆ, ಇನ್ನಷ್ಟು ನೀರು ಕೊಟ್ಟರೆ ಗಿಡ ಹೋದಂತೆಯೇ. ಗಿಡ ಕಿತ್ತು ನೋಡಿ, ಕಂದಾಗಿ ಮೆತ್ತಗಾದ ಬೇರು ಕತ್ತರಿಸಿ, ಹೊಸ ಸಡಿಲ ಮಣ್ಣಿಗೆ ಹಾಕಿ. ತಳದಲ್ಲಿ ತೂತಿಲ್ಲದ ಕುಂಡಕ್ಕೂ ಈ ಉಪಾಯ ನಡೆಯದು. ಪ್ರತಿಸಲವೂ ಹೀಗೇ ಮಾಡಿದರೆ ನೀರಿನಲ್ಲಿರುವ, ಗೊಬ್ಬರದಲ್ಲಿರುವ ಉಪ್ಪು ಮಣ್ಣಿನಲ್ಲೇ ಉಳಿದು ಎಲೆಯ ತುದಿ ಕಂದಾಗಬಹುದು. ಆಗಾಗ ಮೇಲಿಂದ ಧಾರಾಳವಾಗಿ ನೀರು ಹಾಯಿಸಿ ತೊಳೆದುಬಿಡಿ.