ಲಕೋಟೆಯ ಮುದ್ರೆ ಮತ್ತು ಹದಿನೈದು ದಿನ: ಒಂದು ಅವಿಶ್ವಾಸ ಪ್ರಕರಣದ ಅನುಭವ

ಗ್ರಾಮ ಪಂಚಾಯಿತಿ ಅಧ್ಯಕ್ಷರ ಮೇಲಿನ ಅವಿಶ್ವಾಸ ಸಭೆಗೆ ಪೂರ್ತಿ ಹದಿನೈದು ದಿನ ಮೊದಲು ಸದಸ್ಯರಿಗೆ ನೋಟಿಸು ಕೊಡಬೇಕು. ಆದರೆ ನೋಟಿಸಿನ ದಿನ ಎಣಿಸಿ ಅವಿಶ್ವಾಸದ ಪ್ರಕರಣ ಗೆಲ್ಲಲಾಗದು ಎಂದು ಕುಮಟಾದ ಹಿರಿಯ ವಕೀಲರು ನನಗೆ ಎಷ್ಟೋ ಸಲ ಹೇಳಿದ್ದರು. ಅವರ ಕೈಯಲ್ಲಿ ಯಾವಾಗಲೂ ಇರುತ್ತಿದ್ದುದು ಹೊಳೆನರಸೀಪುರ ಪುರಸಭೆಯ ಪ್ರಕರಣ, ಅಂದರೆ ನರಸಿಂಹಯ್ಯ ವಿರುದ್ಧ ಸಿಂಗ್ರಿಗೌಡ, ಎಐಆರ್ (ತೀರ್ಪುಗಳ ವರದಿ ಸಂಪುಟ) 1966 ಸುಪ್ರೀಂ ಕೋರ್ಟ್ 330. ನೋಟಿಸು ಕಳಿಸಿದ ಮಾತ್ರಕ್ಕೆ ಕೊಟ್ಟಂತಾಗುವುದಿಲ್ಲ ಎಂದು ಆ ತೀರ್ಪೇ ಹೇಳುತ್ತದೆ. ಆದರೆ ದಿನ ಕಡಿಮೆಯಾದುದರಿಂದ ಯಾರಿಗೂ ಬಾಧೆಯಾಗಿಲ್ಲವೆಂದು ನಿರ್ಣಯವನ್ನು ಉಳಿಸಿಯೂ ಬಿಡುತ್ತದೆ.

ಅವರು ಹೇಳಿದ್ದು ಸುಳ್ಳಲ್ಲವೆಂದು ಮೊದಲ ಪ್ರಕರಣದಲ್ಲಿಯೇ ಕಲಿತೆ. ಆಗ ಸಭೆ ಮುಗಿದು, ಅಧ್ಯಕ್ಷರು ಕುರ್ಚಿ ಕಳೆದುಕೊಂಡ ಮೇಲೆ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿದ್ದೆ. ನನ್ನ ಕಕ್ಷಿದಾರರು ಸಭೆಗೆ ಹೋಗಿ, ಹಾಜರಿ ಪುಸ್ತಕದಲ್ಲಿ ಸಹಿ ಮಾಡಿ, ಮತವನ್ನೂ ಹಾಕಿ ಬಂದಿದ್ದರು. ಎಲ್ಲರೂ ಬಂದು ಮತ ಹಾಕಿದ ಮೇಲೆ ಬಾಧೆ ಎಲ್ಲಿಯದು ಎಂಬ ಒಂದೇ ಪ್ರಶ್ನೆಗೆ ನನ್ನಲ್ಲಿ ಉತ್ತರವಿರಲಿಲ್ಲ. ನಲವತ್ತು ಸಾವಿರದ ಹತ್ತಿರ ಖರ್ಚಾಗಿತ್ತು. ಅದಕ್ಕೂ ಮುಂಚೆ ಇನ್ನೊಬ್ಬರ ಮಾತು ಕೇಳಿ ತಾಲೂಕಿನ ಸಿವಿಲ್ ನ್ಯಾಯಾಲಯದಲ್ಲಿ ನಿರ್ಬಂಧಕಾಜ್ಞೆಗೆ ದಾವೆ ಹೂಡಿದ್ದೂ ಉಂಟು. ಅದರ ಕಥೆ ಬರೆಯುವಷ್ಟು ಉದ್ದವೂ ಇಲ್ಲ.

ಗೆದ್ದ ಪ್ರಕರಣ ಹದಿಮೂರು ಸದಸ್ಯರ ಪಂಚಾಯಿತಿಯದು. ಜಿಲ್ಲೆಯ ಯಾವ ಉಪವಿಭಾಗಕ್ಕೆ ಸೇರಿದ್ದೆಂದು ಹೇಳುವುದಿಲ್ಲ. ಒಂಬತ್ತು ಸದಸ್ಯರು ಅವಿಶ್ವಾಸದ ಮನವಿಗೆ, ಅಂದರೆ ನಮೂನೆ ಒಂದಕ್ಕೆ, ಸಹಿ ಹಾಕಿದ್ದರು. ಪಂಚಾಯತ್ ರಾಜ್ ಕಾಯ್ದೆಯ ಕಲಂ 49ರ ಪ್ರಕಾರ ಒಟ್ಟು ಸದಸ್ಯರ ಮೂರನೇ ಎರಡರಷ್ಟು ಬಹುಮತಕ್ಕೆ ಬೇಕಾದದ್ದೂ ಸರಿಯಾಗಿ ಒಂಬತ್ತೇ. ಅವರು ಮನವಿ ಕೊಟ್ಟದ್ದು ತಿಂಗಳ ಮೂರನೇ ತಾರೀಕಿಗೆ, ಸಭೆ ನಿಗದಿಯಾದದ್ದು ಇಪ್ಪತ್ತೊಂಬತ್ತಕ್ಕೆ, ಹಾಗಾಗಿ ಮನವಿಯಿಂದ ಮೂವತ್ತು ದಿನದೊಳಗೆ ಸಭೆ ನಡೆಯಬೇಕೆಂಬ 1994ರ ನಿಯಮಗಳ ಗಡಿಯಲ್ಲಿ ದೋಷವಿರಲಿಲ್ಲ. ಉಪವಿಭಾಗಾಧಿಕಾರಿ ಸದಸ್ಯರಿಗೆ ಕಳಿಸುವ ಸಭೆಯ ನೋಟಿಸು, ಅಂದರೆ ನಮೂನೆ ಎರಡರ ಮೇಲೆ ಹನ್ನೊಂದನೇ ತಾರೀಕು ಇತ್ತು. ಅಲ್ಲಿಂದ ಎಣಿಸಿದರೆ ನಡುವೆ ಪೂರ್ತಿ ಹದಿನೇಳು ದಿನ ಸಿಗುತ್ತಿದ್ದವು. ಅಧ್ಯಕ್ಷರು ಕಾಗದವನ್ನಷ್ಟೇ ತಂದಿದ್ದರು. ಲಕೋಟೆ ಎಲ್ಲಿ ಎಂದು ಕೇಳಿದ್ದಕ್ಕೆ, "ಅದ್ಯಾಕೆ ವಕೀಲರೇ, ಹರಿದು ಬಚ್ಚಲ ಒಲೆ ಹತ್ತಿರ ಹಾಕಿದ್ದೇನೆ" ಎಂದರು. ಅವರ ಮಗ ಬೈಕಿನಲ್ಲಿ ಹೋಗಿ, ಪುಣ್ಯಕ್ಕೆ ಇನ್ನೂ ಉರಿಗೆ ಬೀಳದಿದ್ದ ಲಕೋಟೆಯನ್ನು ತಂದುಕೊಟ್ಟ. ಅಂಚೆ ಮುದ್ರೆ ಹದಿನಾಲ್ಕರದು, ಕೈಸೇರಿದ್ದು ಹದಿನೇಳಕ್ಕೆ.

ನನ್ನ ವಾದವೆಲ್ಲ ನಿಂತದ್ದು ಆ ಮುದ್ರೆಯ ಮೇಲೆ. ಕೈಸೇರಿದ ದಿನದಿಂದ ಎಣಿಸಿದರೆ ಪೂರ್ಣ ದಿನಗಳು ಹನ್ನೊಂದು. ಎದುರಿನವರು ಹೇಳುವಂತೆ ಕಳಿಸಿದ ದಿನದಿಂದ ಎಣಿಸಿದರೂ ಹದಿನಾಲ್ಕು. ಕಳಿಸುವುದೋ ಕೊಡುವುದೋ ಎಂಬ ಹಳೆಯ ಜಗಳಕ್ಕೆ ಇಳಿಯುವ ಅಗತ್ಯವೇ ಬೀಳಲಿಲ್ಲ, ಯಾಕೆಂದರೆ ಯಾವ ಲೆಕ್ಕದಲ್ಲೂ ಹದಿನೈದು ತುಂಬುತ್ತಿರಲಿಲ್ಲ.

ಈ ನಡುವೆ ಒಂದು ಹುಚ್ಚು ಪ್ರಯೋಗವನ್ನೂ ಮಾಡಿದೆ. ಆಗಿನ್ನೂ ರಿಜಿಸ್ಟರ್ಡ್ ಪೋಸ್ಟ್ ಇತ್ತು. ಕುಮಟಾದಿಂದ ನಾಲ್ಕು ಊರುಗಳ ಪರಿಚಯದವರಿಗೆ ಖಾಲಿ ಹಾಳೆ ರಿಜಿಸ್ಟರ್ ಮಾಡಿದೆ. ಪೇಟೆಯ ಪಕ್ಕದ ಊರಿಗೆ ಮರುದಿನವೇ ಮುಟ್ಟಿತು, ಅಘನಾಶಿನಿಯ ಆಚೆ ದಡಕ್ಕೆ ನಾಲ್ಕನೇ ದಿನ. ನ್ಯಾಯಾಲಯದಲ್ಲಿ ಇದಕ್ಕೆ ಕಿಮ್ಮತ್ತಿಲ್ಲವೆಂದು ಗೊತ್ತಿದ್ದರೂ, ಬಳಿಕ ಬಂದ ಪ್ರಕರಣಗಳಲ್ಲಿ ಲಕೋಟೆ ನೋಡುವ ಮೊದಲೇ ಅಂದಾಜು ಮಾಡಲು ನೆರವಾಯಿತು. ಮಾಹಿತಿ ಹಕ್ಕಿನ ಅರ್ಜಿ ಹಾಕಿ ಉಪವಿಭಾಗಾಧಿಕಾರಿ ಕಚೇರಿಯ ಟಪಾಲು ಪುಸ್ತಕದ ನಕಲು ಪಡೆಯುವ ಯತ್ನ ಮಾತ್ರ ಕೆಲಸಕ್ಕೆ ಬರಲಿಲ್ಲ: ಉತ್ತರ ಕೊಡಲು ಅವರಿಗೂ ಮೂವತ್ತು ದಿನ, ಅಷ್ಟರಲ್ಲಿ ಸಭೆಯೇ ಮುಗಿಯುತ್ತದೆ.

ಹೈಕೋರ್ಟಿನ ಧಾರವಾಡ ಪೀಠಕ್ಕೆ ಅರೆಬೈಲು ಘಟ್ಟ ಹತ್ತಿ, ಯಲ್ಲಾಪುರ, ಕಲಘಟಗಿ ದಾಟಿ ಮಳೆಯಲ್ಲಿ ಮೂರು ಸಲ ಹೋದೆ. ಕನ್ನಡ ದಾಖಲೆಗಳ ಇಂಗ್ಲಿಷ್ ಅನುವಾದಕ್ಕೇ ಮೂರು ಸಾವಿರದಷ್ಟು ಹೋಯಿತು. ಟೈಪಿಂಗ್, ಜೆರಾಕ್ಸ್, ಕಾರು, ಅಲ್ಲಿನ ವಕೀಲರ ಫೀಸು ಎಲ್ಲ ಸೇರಿ ಇಪ್ಪತ್ತೈದು ಸಾವಿರದೊಳಗೆ ಮುಗಿಯಿತು. ಎದುರಿನವರು ಮುಂಚೆಯೇ ಕೇವಿಯಟ್ (ತಮ್ಮ ಮಾತು ಕೇಳದೆ ಆದೇಶ ಕೊಡಬಾರದೆಂಬ ಅರ್ಜಿ) ಹಾಕಿದ್ದರಿಂದ ಮೊದಲ ದಿನವೇ ಹೊಳೆನರಸೀಪುರದ ತೀರ್ಪು ನಮ್ಮೆದುರು ಬಂತು. ಅಲ್ಲಿ ಸಭೆ ನಡೆದುಹೋಗಿತ್ತು, ಇಲ್ಲಿ ಇನ್ನೂ ನಡೆಯಬೇಕಾಗಿದೆ, ಮೊದಲೇ ಎಚ್ಚರಿಸಿದ ಮೇಲೂ ನಿಯಮ ಮುರಿಯಲು ಬಿಡಬೇಕೇ ಎಂಬುದು ನಮ್ಮ ಉತ್ತರವಾಗಿತ್ತು. ಬಾಧೆ ಏನೆಂಬುದನ್ನು ಅರ್ಜಿಯ ಒಂದು ಪ್ಯಾರಾದಲ್ಲಿ ಬರೆದಿದ್ದೆ. ಅಧ್ಯಕ್ಷರ ಕಡೆಯ ಸದಸ್ಯರೊಬ್ಬರು ಮೀನುಗಾರಿಕೆಯ ಬೋಟಿಗೆ ಹೋಗಿದ್ದಾರೆಂದು ಬರೆದರೆ ಸಾಲದು, ಯಾಕೆಂದರೆ ಒಟ್ಟು ಸದಸ್ಯರ ಲೆಕ್ಕದಲ್ಲಿ ಗೈರಾದವನು ಅಧ್ಯಕ್ಷರಿಗೆ ಅನುಕೂಲವೇ ಹೊರತು ನಷ್ಟವಲ್ಲ. ಇದನ್ನು ಗಮನಿಸದೆ ಸೋತವರನ್ನು ನಾನು ಬಲ್ಲೆ. ಆ ಪ್ಯಾರಾದ ಒಕ್ಕಣೆಯನ್ನು ಇಲ್ಲಿ ಬಿಚ್ಚಿಡುವುದಿಲ್ಲ, ಇನ್ನೂ ಎರಡು ಪ್ರಕರಣ ನನ್ನ ಕೈಯಲ್ಲಿವೆ.

ಸಭೆಗೆ ಎರಡು ದಿನ ಇರುವಾಗ ತಡೆಯಾಜ್ಞೆ ಸಿಕ್ಕಿತು. ಸುಮಾರು ಎರಡು ತಿಂಗಳ ಬಳಿಕ ನೋಟಿಸು ರದ್ದಾಯಿತು, ಹೊಸದಾಗಿ ಮನವಿ ಕೊಡಲು ಸದಸ್ಯರಿಗೆ ಅವಕಾಶವನ್ನೂ ಕೊಟ್ಟರು. ಎದುರಿನ ಪಾಳೆಯ ಅದನ್ನು ಬಳಸಿಕೊಂಡಿತು. ಎರಡನೇ ಸಲ ನೋಟಿಸು ಹತ್ತೊಂಬತ್ತು ದಿನ ಮೊದಲೇ ಪ್ರತಿಯೊಬ್ಬ ಸದಸ್ಯರ ಕೈಸೇರಿತು, ಹುಡುಕಿದರೂ ನನಗೆ ಒಂದು ತಪ್ಪು ಸಿಗಲಿಲ್ಲ. ಆದರೆ ಆ ಎರಡು ತಿಂಗಳಲ್ಲಿ ಅಧ್ಯಕ್ಷರು ಮನೆಮನೆ ತಿರುಗಿ ಒಬ್ಬ ಸದಸ್ಯರನ್ನು ಮರಳಿ ತಮ್ಮ ಕಡೆ ಮಾಡಿಕೊಂಡಿದ್ದರು. ನಿರ್ಣಯಕ್ಕೆ ಎಂಟು ಮತ ಬಿದ್ದವು. ಹಿರಿಯರು ಈಗ ಅವಿಶ್ವಾಸದ ಕಕ್ಷಿದಾರರನ್ನು ನನ್ನ ಕೋಣೆಗೆ ಕಳಿಸುತ್ತಾರೆ, ಮತ್ತು ನಾನು ಮೊದಲು ಲಕೋಟೆ ಕೇಳುತ್ತೇನೆ.