ಗೊತ್ತೇ ಇಲ್ಲದೆ ಡಿಕ್ರಿ ಆಗಿದೆಯಾ? ಕಂಪನಿ ಏನು ಮಾಡಬೇಕು?

ರಾಯಚೂರಿನ ಒಂದು ಹತ್ತಿ ಜಿನ್ನಿಂಗ್ ಮಿಲ್ ಅಂದುಕೊಳ್ಳಿ. ಹೆಸರಿಗೆ ಪ್ರೈವೇಟ್ ಲಿಮಿಟೆಡ್, ನಡೆಸುವವರು ಅಣ್ಣ-ತಮ್ಮ. ಸೀಸನ್‌ನಲ್ಲಿ ರೈತರಿಗೆ ದುಡ್ಡು ಹಾಕಲು ಹೋದರೆ ಬ್ಯಾಂಕ್ ಖಾತೆ ಜಪ್ತಿಯಾಗಿದೆ. ವಿಚಾರಿಸಿದರೆ, ಮಷೀನ್ ಬಿಡಿಭಾಗ ಕೊಟ್ಟವರು ಹಾಕಿದ್ದ ದಾವೆಯಲ್ಲಿ ಡಿಕ್ರಿ (ತೀರ್ಪಿನ ಪ್ರಕಾರ ಕೋರ್ಟು ಕೊಡುವ ಆದೇಶ) ಆಗಿ, ಅಮಲ್ಜಾರಿಯೂ, ಅಂದರೆ ಅದರಂತೆ ಹಣ ವಸೂಲಿಯೂ, ಶುರುವಾಗಿದೆ. ‘ನಮಗೆ ನೋಟಿಸೇ ಬಂದಿಲ್ಲ ಸಾರ್’ ಎಂದು ಇಬ್ಬರೂ ವಕೀಲರ ಹತ್ತಿರ ಓಡುತ್ತಾರೆ.

ಆ ಮಾತು ನಿಲ್ಲುತ್ತದಾ ಎಂದು ನೋಡಲು ಮೊದಲು ಕೋರ್ಟಿನ ಫೈಲ್ ಬೇಕು. ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಕಂಪನಿಯ ಹೆಸರು ಹಾಕಿ ಹುಡುಕಿದರೆ ಕೇಸ್ ನಂಬರ್ ಸಿಗುತ್ತದೆ. ದಾಖಲೆಗಳ ಪ್ರತಿ ಕೊಡಿ ಎಂದು ಅವತ್ತೇ ಅರ್ಜಿ ಹಾಕಿ. ತೀರ್ಪು, ಡಿಕ್ರಿ, ಆರ್ಡರ್ ಶೀಟ್ ಎಲ್ಲರೂ ಕೇಳುತ್ತಾರೆ. ಜಾರಿಯಾಗಿ ವಾಪಸ್ ಬಂದ ಸಮನ್ಸ್ (ಕೋರ್ಟಿಗೆ ಬನ್ನಿ ಎಂದು ಕಳಿಸುವ ನೋಟಿಸ್) ಮಾತ್ರ ಮರೆಯುತ್ತಾರೆ. ಕೇಸಿನ ಜೀವ ಇರುವುದೇ ಅದರಲ್ಲಿ. ಯಾರ ಕೈಗೆ ಕೊಟ್ಟರು, ಯಾವತ್ತು, ಬಾಗಿಲಿಗೆ ಅಂಟಿಸಿದ್ದರೆ ಯಾರ ಎದುರು ಅಂತ ಅಮೀನರ, ಅಂದರೆ ಸಮನ್ಸ್ ತಲುಪಿಸುವ ಕೋರ್ಟ್ ನೌಕರರ, ಷರಾ ಅದರ ಮೇಲೆ ಇರುತ್ತದೆ.

ಕಂಪನಿಗೆ ಸಮನ್ಸ್ ಜಾರಿ ಮಾಡಲು ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ಬೇರೆಯೇ ನಿಯಮ ಇದೆ: ಆದೇಶ 29, ನಿಯಮ 2. ಸೆಕ್ರೆಟರಿ, ಡೈರೆಕ್ಟರ್ ಅಥವಾ ಮುಖ್ಯ ಅಧಿಕಾರಿಗೆ ಕೊಡಬೇಕು. ಇಲ್ಲವೇ ರಿಜಿಸ್ಟರ್ಡ್ ಆಫೀಸಿನಲ್ಲಿ ಬಿಟ್ಟು ಬರಬೇಕು ಅಥವಾ ಅಲ್ಲಿಗೆ ಅಂಚೆಯಲ್ಲಿ ಕಳಿಸಬೇಕು. ರಿಜಿಸ್ಟರ್ಡ್ ಆಫೀಸ್ ಬೇರೆ ಕಡೆ ಇದ್ದು, ಮಿಲ್ಲಿನ ಗೇಟಿನಲ್ಲಿ ವಾಚ್‌ಮನ್ ಹೆಬ್ಬೆಟ್ಟು ಒತ್ತಿ ಸಮನ್ಸ್ ತಗೊಂಡಿದ್ದರೆ ನಿಮ್ಮ ವಾದಕ್ಕೆ ಬಲ ಇದೆ. ಆದರೆ ಗಂಜ್‌ನ ಹಳೇ ಅಂಗಡಿಯೇ ಇನ್ನೂ ದಾಖಲೆಯಲ್ಲಿ ರಿಜಿಸ್ಟರ್ಡ್ ಆಫೀಸ್ ಆಗಿದ್ದು, ಸಮನ್ಸ್ ಅಲ್ಲಿಗೆ ಹೋಗಿದ್ದರೆ? ಅಲ್ಲಿ ಈಗ ಬೇರೆಯವರು ಬಾಡಿಗೆಗಿದ್ದಾರೆ ಎಂದರೆ ಕೋರ್ಟು ಸುಲಭಕ್ಕೆ ಒಪ್ಪುವುದಿಲ್ಲ. ವಿಳಾಸ ಬದಲಾದರೆ 30 ದಿನದೊಳಗೆ ಕಂಪನಿ ರಿಜಿಸ್ಟ್ರಾರ್‌ಗೆ ತಿಳಿಸುವುದು ನಿಮ್ಮ ಕೆಲಸ, ಅಲ್ವಾ?

ಇನ್ನು ಡಿಕ್ರಿ ರದ್ದು ಮಾಡಿ ಎಂದು ಕೇಳುವ ಅರ್ಜಿ. ಆದೇಶ 9, ನಿಯಮ 13ರ ಅಡಿ, ಡಿಕ್ರಿ ಕೊಟ್ಟ ಕೋರ್ಟಿನಲ್ಲೇ ಹಾಕಬೇಕು. ಏಕಪಕ್ಷೀಯ ಡಿಕ್ರಿಗೆ, ಅಂದರೆ ನೀವು ಹಾಜರಾಗದೆ ಆದ ಡಿಕ್ರಿಗೆ, ಮಾತ್ರ ಈ ದಾರಿ. ವಾದ ಮಾಡಿ ಸೋತಿದ್ದರೆ ಮೇಲ್ಮನವಿಗೇ ಹೋಗಬೇಕು. ಡಿಕ್ರಿ ದಿನದಿಂದ 30 ದಿನ ಅವಕಾಶ. ಸಮನ್ಸ್ ಸರಿಯಾಗಿ ಜಾರಿಯಾಗಿರದಿದ್ದರೆ, ಡಿಕ್ರಿ ಗೊತ್ತಾದ ದಿನದಿಂದ 30. ಹಾಗಾಗಿ ಬ್ಯಾಂಕಿನಿಂದ ಬಂದ ಪತ್ರವನ್ನು ಕವರ್ ಸಮೇತ ಇಟ್ಟುಕೊಳ್ಳಿ. ಯಾವತ್ತು ಗೊತ್ತಾಯಿತು ಎನ್ನುವುದಕ್ಕೆ ಅದೇ ಸಾಕ್ಷಿ. ತಡವಾಗಿದ್ದರೆ ಕಾಲಮಿತಿ ಕಾಯ್ದೆಯ ಸೆಕ್ಷನ್ 5ರಲ್ಲಿ ಇನ್ನೊಂದು ಅರ್ಜಿ ಸೇರಿಸಿ.

ಅರ್ಜಿಗೆ ಸೆಕ್ರೆಟರಿ, ಡೈರೆಕ್ಟರ್ ಅಥವಾ ವಿಷಯ ಗೊತ್ತಿರುವ ಮುಖ್ಯ ಅಧಿಕಾರಿ ಸಹಿ ಹಾಕಬೇಕು. ಬೋರ್ಡ್ ಠರಾವಿನ ಪ್ರತಿ ಜೊತೆಗಿರಲಿ. ಅಫಿಡವಿಟ್‌ನಲ್ಲಿ ‘ಆ ಮಾಲೇ ಸರಿ ಇರಲಿಲ್ಲ’ ಎಂದು ಪುಟಗಟ್ಟಲೆ ಬರೆಸುವವರಿದ್ದಾರೆ. ಸುಮ್ನೆ ಕಾಗದ ಖರ್ಚು. ಕೋರ್ಟು ಇಲ್ಲಿ ಕೇಳುವುದು, ಸಮನ್ಸ್ ಸರಿಯಾಗಿ ಜಾರಿಯಾಗಿತ್ತಾ, ಅಥವಾ ಬರದಿದ್ದಕ್ಕೆ ತಕ್ಕ ಕಾರಣ ಇತ್ತಾ ಎಂದು. ಸಮನ್ಸ್ ಬಂದಿದ್ದನ್ನು ಮುಚ್ಚಿಡಬೇಡಿ. ಜಾರಿಯಲ್ಲಿ ಸಣ್ಣ ತಪ್ಪಿದ್ದರೂ, ವಿಚಾರಣೆಯ ದಿನ ನಿಮಗೆ ಗೊತ್ತಿತ್ತು, ಬರಲು ಸಮಯವೂ ಇತ್ತು ಎಂದಾದರೆ ಡಿಕ್ರಿ ರದ್ದಾಗುವುದಿಲ್ಲ.

ಅರ್ಜಿ ಹಾಕಿದ ಮಾತ್ರಕ್ಕೆ ಅಮಲ್ಜಾರಿ ನಿಲ್ಲುವುದಿಲ್ಲ. ತಡೆ ಬೇಕಾದರೆ ಅದನ್ನೂ ಬೇರೆಯಾಗಿ ಕೇಳಬೇಕು. ಎದುರು ಪಾರ್ಟಿಗೆ ನೋಟಿಸ್ ಕೊಡದೆ ಡಿಕ್ರಿ ರದ್ದು ಮಾಡುವಂತಿಲ್ಲ, ಆದ್ದರಿಂದ ಕೆಲವು ಡೇಟ್ ಹೋಗುವುದು ಖಚಿತ. ಖರ್ಚು ಕೊಡಿ, ಇಷ್ಟು ಹಣ ಠೇವಣಿ ಇಡಿ ಎಂದು ಕೋರ್ಟು ಷರತ್ತು ಹಾಕಬಹುದು. ಕೈಯಲ್ಲಿ ಸ್ವಲ್ಪ ದುಡ್ಡು ಇಟ್ಟುಕೊಂಡೇ ಹೊರಡಿ.

ಅರ್ಜಿ ವಜಾ ಆದರೆ ಆ ಆದೇಶದ ಮೇಲೆ ಮೇಲ್ಮನವಿ ಇದೆ. ಡಿಕ್ರಿಯ ಮೇಲೇ ನೇರವಾಗಿ ಮೇಲ್ಮನವಿ ಹಾಕಲೂಬಹುದು. ಆದರೆ ಆ ಮೇಲ್ಮನವಿ ಒಮ್ಮೆ ತೀರ್ಮಾನವಾಯಿತೆಂದರೆ ಈ ಅರ್ಜಿಯ ಬಾಗಿಲು ಮುಚ್ಚುತ್ತದೆ. ಹೈಕೋರ್ಟಿಗೆ ಹೋಗುವ ಪ್ರಕರಣವಾದರೆ ರಾಯಚೂರಿನವರು ಕಲಬುರಗಿ ಪೀಠಕ್ಕೆ, ಬಳ್ಳಾರಿ, ಕೊಪ್ಪಳದವರು ಧಾರವಾಡ ಪೀಠಕ್ಕೆ.

ಡಿಕ್ರಿ ರದ್ದಾದರೆ ಕೇಸ್ ಗೆದ್ದಂತಲ್ಲ. ಹಳೇ ದಾವೆ ಮತ್ತೆ ನಡೆಯುತ್ತದೆ ಅಷ್ಟೇ. ಆ ಬಿಡಿಭಾಗದ ಬಿಲ್ಲು, ಲೆಡ್ಜರ್, ವಾಟ್ಸ್‌ಆ್ಯಪ್ ಮೆಸೇಜು ಎಲ್ಲ ಈಗಲೇ ಹುಡುಕಿ ವಕೀಲರಿಗೆ ಕೊಡಿ. ‘ಮಾಲೇ ಸರಿ ಇರಲಿಲ್ಲ’ ಎಂದು ಬರೆಸಬೇಕಾದದ್ದು ಆಗ, ನಿಮ್ಮ ಲಿಖಿತ ಹೇಳಿಕೆಯಲ್ಲಿ.